ಐಕಾನ್ ಹೋಯಿತು, ಗೇಮ್ ಉಳಿಯಿತು: ಟ್ಯಾಬ್‌ನಲ್ಲಿ ಜಾಗ ಏಕೆ ಮರಳಲಿಲ್ಲ?

ಪ್ರಶ್ನೆ: ನಾನು ತೀರ್ಥಹಳ್ಳಿ ಸಮೀಪದ ಹಳ್ಳಿಯೊಂದರಲ್ಲಿರುವ ನಿವೃತ್ತ ಶಿಕ್ಷಕ. 2021ರಲ್ಲಿ ಶಾಲೆಗಳು ಮುಚ್ಚಿದ್ದಾಗ ಮೊಮ್ಮಗಳ ಆನ್‌ಲೈನ್ ತರಗತಿಗೆಂದು 32 ಜಿಬಿಯ ಆಂಡ್ರಾಯ್ಡ್ ಟ್ಯಾಬ್ ಕೊಂಡಿದ್ದೆವು. ಈಗ ಅವಳು ಎಸ್‌ಎಸ್‌ಎಲ್‌ಸಿ. ಪಠ್ಯಪುಸ್ತಕದ ಪಿಡಿಎಫ್‌ಗಳು ಮತ್ತು ದೀಕ್ಷಾ ಆಪ್ ಅದರಲ್ಲೇ ಇವೆ. ಬೆಂಗಳೂರಿನಿಂದ ರಜೆಗೆ ಬರುವ ಮೊಮ್ಮಗ ಪ್ರತಿ ಸಲವೂ ನಾಲ್ಕೈದು ಗೇಮ್ ಹಾಕಿ ಹೋಗುತ್ತಾನೆ. ಕಳೆದ ತಿಂಗಳಿಂದ ‘ಸ್ಟೋರೇಜ್ ತುಂಬಿದೆ’ ಎಂದು ಬರುತ್ತಿದ್ದು, ದೀಕ್ಷಾ ಅಪ್‌ಡೇಟ್ ಆಗುತ್ತಿಲ್ಲ. ಪರದೆಯಲ್ಲಿದ್ದ 14 ಗೇಮ್‌ಗಳನ್ನು ಒತ್ತಿ ಹಿಡಿದು ತೆಗೆದೆ; ಒಂದು ಎಂಬಿಯೂ ಮರಳಲಿಲ್ಲ. ಆಮೇಲೆ ಪರಿಚಯದ ಹುಡುಗನೊಬ್ಬ ಎರಡು ದೊಡ್ಡ ಗೇಮ್‌ಗಳನ್ನು ಅನ್‌ಇನ್‌ಸ್ಟಾಲ್ ಮಾಡಿಕೊಟ್ಟ. ಎರಡೂ ಸೇರಿ ಮೂರು ಜಿಬಿಗಿಂತ ಹೆಚ್ಚು ಎಂದಿತ್ತು. ಬಂದದ್ದು ಸುಮಾರು 300 ಎಂಬಿ. ಅಂಗಡಿಯವರು 600 ರೂಪಾಯಿಗೆ ಫಾರ್ಮ್ಯಾಟ್ ಮಾಡಿಕೊಡುತ್ತೇನೆ ಎನ್ನುತ್ತಾರೆ. ಮಾಡಿಸಬಹುದೇ? ಮೊಮ್ಮಗ ಒಂದು ಗೇಮ್‌ನಲ್ಲಿ ಎರಡು ವರ್ಷದಿಂದ ಏರಿಸಿಕೊಂಡು ಬಂದ ‘ಲೆವೆಲ್’ ಹೋದರೆ ಅತ್ತುಬಿಡುತ್ತಾನೆ ಎಂಬ ಹೆದರಿಕೆ ಒಂದು. ಅದಕ್ಕೆ ನನ್ನ ಮಗಳು ಎರಡು ಸಲ ಹಣ ಕಟ್ಟಿದ್ದಾಳೆ, ಅದು ಮುಳುಗುತ್ತದೆಯೇ ಎಂಬ ಹೆದರಿಕೆ ಇನ್ನೊಂದು. ಅಂದಹಾಗೆ, ನನ್ನ ಫೋಟೋಗಳನ್ನು ಮುಟ್ಟದಿರಲೆಂದು ಮಗಳು ಅವನಿಗೆ ಟ್ಯಾಬ್‌ನಲ್ಲಿ ಬೇರೆ ‘ಯೂಸರ್’ ಮಾಡಿಕೊಟ್ಟಿದ್ದಾಳೆ.

ಉತ್ತರ: ನಿಮ್ಮ ಪತ್ರದ ಕೊನೆಯ ವಾಕ್ಯವನ್ನು ನೀವು ‘ಅಂದಹಾಗೆ’ ಎಂದು ಆರಂಭಿಸಿದ್ದೀರಿ. ಮೂರು ಜಿಬಿ ಬರಬೇಕಾದಲ್ಲಿ 300 ಎಂಬಿ ಮಾತ್ರ ಬಂದದ್ದಕ್ಕೆ ಕಾರಣ, ನನ್ನ ಅಂದಾಜಿನಲ್ಲಿ, ಆ ವಾಕ್ಯದಲ್ಲೇ ಇದೆ. ಅಲ್ಲಿಗೆ ಆಮೇಲೆ ಬರುತ್ತೇನೆ. ಮೊದಲು ನಿಮ್ಮ ಎರಡು ಆತಂಕಗಳ ಮಾತು. ಫಾರ್ಮ್ಯಾಟ್ ಈಗಲೇ ಬೇಡ. ಲೆವೆಲ್ ಮತ್ತು ಹಣ ಎರಡನ್ನೂ ಉಳಿಸಿಕೊಳ್ಳಲು ಸಾಧ್ಯವಿದೆ, ಆದರೆ ಅದಕ್ಕೆ ಗೇಮ್ ತೆಗೆಯುವ ಮೊದಲು ಐದು ನಿಮಿಷದ ಒಂದು ಕೆಲಸ ಆಗಬೇಕು. ತೆಗೆದ ಮೇಲೆ ಆ ಕೆಲಸ ಮಾಡಲು ಬರುವುದಿಲ್ಲ.

ಮೊದಲ ಪ್ರಯತ್ನದಲ್ಲಿ ಒಂದು ಎಂಬಿಯೂ ಏಕೆ ಮರಳಲಿಲ್ಲ ಎಂಬುದಕ್ಕೆ ಉತ್ತರ ಸರಳ. ಐಕಾನನ್ನು ಒತ್ತಿ ಹಿಡಿದಾಗ ಎರಡು ಆಯ್ಕೆಗಳು ಬರುತ್ತವೆ: ‘ರಿಮೂವ್’ ಒಂದು, ‘ಅನ್‌ಇನ್‌ಸ್ಟಾಲ್’ ಇನ್ನೊಂದು. ಮೊದಲನೆಯದು ಹೋಮ್ ಸ್ಕ್ರೀನಿನ ಮೇಲಿರುವ ಚಿತ್ರವನ್ನಷ್ಟೇ ತೆಗೆಯುತ್ತದೆ. ಬಾಗಿಲ ಮೇಲಿನ ನಾಮಫಲಕ ಕಿತ್ತ ಮಾತ್ರಕ್ಕೆ ಬಾಡಿಗೆದಾರ ಮನೆ ಖಾಲಿ ಮಾಡಿದಂತಾಗುವುದಿಲ್ಲವಲ್ಲ, ಹಾಗೆ. ನೀವು ತೆಗೆದ 14 ಗೇಮ್‌ಗಳೂ ಟ್ಯಾಬ್‌ನ ಒಳಗೇ ಇವೆ. ಪರದೆಯನ್ನು ಕೆಳಗಿನಿಂದ ಮೇಲಕ್ಕೆ ಸರಿಸಿ ಎಲ್ಲ ಆಪ್‌ಗಳ ಪಟ್ಟಿ ತೆರೆದರೆ ಅವು ಒಂದೊಂದಾಗಿ ಕಾಣಿಸುತ್ತವೆ. ಈ ತಪ್ಪಿಗೆ ನೀವು ನಾಚಿಕೆಪಡಬೇಕಾಗಿಲ್ಲ. ನನ್ನ ಮೇಜಿಗೆ ‘ಎಲ್ಲಾ ಡಿಲೀಟ್ ಮಾಡಿದ್ದೇನೆ, ಆದರೂ ಫುಲ್ ಅನ್ನುತ್ತೆ’ ಎಂದು ಬರುವ ಟ್ಯಾಬ್‌ಗಳಲ್ಲಿ ಬಹಳಷ್ಟಕ್ಕೆ ಆಗಿರುವುದು ಇದೇ. ಅವುಗಳಲ್ಲಿ ಇಂಜಿನಿಯರಿಂಗ್ ಓದುವ ಹುಡುಗರ ಟ್ಯಾಬ್‌ಗಳೂ ಇರುತ್ತವೆ.

ಇನ್ನು ಒಂದು ಗೇಮ್ ಆಕ್ರಮಿಸುವ ಜಾಗ ಒಂದೇ ಗಂಟಲ್ಲ ಎಂಬುದನ್ನು ಸ್ವಲ್ಪ ವಿವರವಾಗಿ ಹೇಳಬೇಕು, ಏಕೆಂದರೆ ಯಾವುದನ್ನು ತೆಗೆದರೆ ಏನು ಹೋಗುತ್ತದೆ ಎಂಬುದೆಲ್ಲ ಇದರ ಮೇಲೆ ನಿಂತಿದೆ. ಸೆಟ್ಟಿಂಗ್ಸ್‌ನಲ್ಲಿ ‘ಆಪ್ಸ್’ ತೆರೆದು, ಯಾವುದಾದರೊಂದು ಗೇಮಿನ ಹೆಸರು ಒತ್ತಿ, ಅದರೊಳಗಿನ ‘ಸ್ಟೋರೇಜ್’ ನೋಡಿ. ಟ್ಯಾಬನ್ನು ಕನ್ನಡಕ್ಕೆ ಹೊಂದಿಸಿಕೊಂಡಿದ್ದರೆ ಅಲ್ಲಿ ‘ಸಂಗ್ರಹಣೆ’ ಎಂದಿರುತ್ತದೆ. ಅಲ್ಲಿ ಮೂರು ಸಂಖ್ಯೆಗಳಿರುತ್ತವೆ. ಮೊನ್ನೆ ನನ್ನ ಕೈಗೆ ಬಂದ ಟ್ಯಾಬ್‌ನಲ್ಲಿ ಒಂದು ಕಾರ್ ರೇಸ್ ಗೇಮ್ ಹೀಗಿತ್ತು: ಆಪ್ 190 ಎಂಬಿ, ಡೇಟಾ 2.4 ಜಿಬಿ, ಕ್ಯಾಶ್ 85 ಎಂಬಿ. ಮೊದಲನೆಯದು ಪ್ಲೇ ಸ್ಟೋರ್‌ನಿಂದ ಇಳಿದ ಗೇಮಿನ ಮೂಲ ಭಾಗ. ಎರಡನೆಯದು ಗೇಮ್ ತೆರೆದ ಮೇಲೆ ಅದು ತಾನಾಗಿ ಇಳಿಸಿಕೊಂಡ ರಸ್ತೆ, ಕಾರು, ಸದ್ದು, ಚಿತ್ರಗಳು, ಅವುಗಳ ಜೊತೆಗೆ ಆಡುವವರ ದಾಖಲೆ. ಮೂರನೆಯದಾದ ಕ್ಯಾಶ್‌ಗೂ ದುಡ್ಡಿಗೂ ಸಂಬಂಧವಿಲ್ಲ. ಅದು ಮತ್ತೆ ಬೇಗ ಸಿಗಲೆಂದು ಕೈಗೆಟುಕುವಂತೆ ಇಟ್ಟುಕೊಂಡ ತಾತ್ಕಾಲಿಕ ಕಡತಗಳ ರಾಶಿ. ಪ್ಲೇ ಸ್ಟೋರ್‌ನಲ್ಲಿ ‘190 ಎಂಬಿ’ ಎಂದು ನೋಡಿ, ಚಿಕ್ಕ ಗೇಮ್ ತಾನೇ ಎಂದು ಹಾಕಿಕೊಂಡವರು ಮೋಸ ಹೋಗುವುದು ಎರಡನೆಯ ಸಂಖ್ಯೆಯಲ್ಲಿ. ಎಲ್ಲ ಗೇಮ್‌ಗಳೂ ಹೀಗೆಯೇ ಎಂದಲ್ಲ. ಕೆಲವು ತಮ್ಮ ಚಿತ್ರ-ಸದ್ದುಗಳನ್ನೆಲ್ಲ ಪ್ಲೇ ಸ್ಟೋರ್‌ನ ಮೂಲಕವೇ ಒಟ್ಟಿಗೆ ತರುತ್ತವೆ. ಅಂಥವುಗಳಲ್ಲಿ ಆಪ್‌ನ ಸಂಖ್ಯೆಯೇ ಒಂದೂವರೆ ಜಿಬಿ ಇದ್ದು, ಡೇಟಾ ನೂರೈವತ್ತು ಎಂಬಿ ಇರುತ್ತದೆ.

ಈ ಕೊನೆಯ ಬಗೆಯ ಗೇಮ್‌ಗಳೇ ನಿಮ್ಮ ಟ್ಯಾಬ್‌ನಲ್ಲಿರಬಹುದು ಎಂದು ನನಗೆ ಅನಿಸುತ್ತಿದೆ. ಆಂಡ್ರಾಯ್ಡ್ ಟ್ಯಾಬ್‌ನಲ್ಲಿ ಇಬ್ಬರು ಯೂಸರ್‌ಗಳಿದ್ದಾಗ, ಒಂದೇ ಗೇಮನ್ನು ಇಬ್ಬರೂ ಹಾಕಿಕೊಂಡಿದ್ದರೆ, ಗೇಮಿನ ಮೂಲ ಭಾಗ ಟ್ಯಾಬ್‌ನಲ್ಲಿ ಒಂದೇ ಪ್ರತಿಯಾಗಿ ಕುಳಿತಿರುತ್ತದೆ. ಡೇಟಾ ಮಾತ್ರ ಒಬ್ಬೊಬ್ಬರಿಗೆ ಬೇರೆ ಬೇರೆ. ಒಂದು ಮನೆಯಲ್ಲಿ ಒರಳುಕಲ್ಲು ಒಂದೇ ಇದ್ದು, ಅಣ್ಣ-ತಮ್ಮಂದಿರ ಅಕ್ಕಿ ಡಬ್ಬಿಗಳು ಬೇರೆ ಇದ್ದಂತೆ. ನಿಮ್ಮ ಕಡೆಯಿಂದ ಅನ್‌ಇನ್‌ಸ್ಟಾಲ್ ಮಾಡಿದಾಗ ನಿಮ್ಮ ಡಬ್ಬಿ ಖಾಲಿಯಾಗುತ್ತದೆ, ಆದರೆ ಮೊಮ್ಮಗನಿಗೆ ಬೇಕೆಂದು ಒರಳು ಅಲ್ಲೇ ಉಳಿಯುತ್ತದೆ. ಆ ಹುಡುಗ ತೆಗೆದ ಎರಡು ಗೇಮ್‌ಗಳಿಂದ ನಿಮಗೆ ಸಿಕ್ಕ 300 ಎಂಬಿ ನಿಮ್ಮ ಪಾಲಿನ ಡೇಟಾ ಮಾತ್ರ. ಉಳಿದದ್ದು ಅವನ ಯೂಸರ್‌ನ ಹೆಸರಿನಲ್ಲಿ ಕುಳಿತಿದೆ. ಇಷ್ಟಲ್ಲದೆ, ಅವನು ಅವನ ಕಡೆಯಿಂದ ಮಾತ್ರ ಹಾಕಿಕೊಂಡ ಗೇಮ್‌ಗಳು ನಿಮ್ಮ ಆಪ್‌ಗಳ ಪಟ್ಟಿಯಲ್ಲಿ ಕಾಣುವುದೇ ಇಲ್ಲ. ಜಾಗ ಮಾತ್ರ ಇಬ್ಬರದೂ ಒಂದೇ 32 ಜಿಬಿಯಿಂದ ಹೋಗುತ್ತಿರುತ್ತದೆ.

ಇದು ಬರೀ ಊಹೆಯಾಗಿ ಉಳಿಯಬೇಕಾಗಿಲ್ಲ, ನೀವೇ ನೋಡಿ ತಿಳಿಯಬಹುದು. ಟ್ಯಾಬ್‌ನ ಮುಖ್ಯ ಯೂಸರ್ ನೀವೇ ಆಗಿದ್ದರೆ, ನಿಮ್ಮ ಕಡೆಯಿಂದ ಸೆಟ್ಟಿಂಗ್ಸ್‌ನ ‘ಸ್ಟೋರೇಜ್’ ಪುಟ ತೆರೆದು ಕೆಳಗಿನವರೆಗೂ ಸರಿಸಿ. ಬಹುತೇಕ ಟ್ಯಾಬ್‌ಗಳಲ್ಲಿ ಚಿತ್ರ, ವಿಡಿಯೋ, ಆಪ್, ಸಿಸ್ಟಮ್ ಎಂಬ ಸಾಲುಗಳ ಕೊನೆಗೆ ‘ಅದರ್ ಯೂಸರ್ಸ್’ ಎಂಬ ಭಾಗವೂ, ಅದರ ಎದುರು ಒಂದು ಸಂಖ್ಯೆಯೂ ಇರುತ್ತದೆ. ಆ ಸಂಖ್ಯೆ ಎರಡು ಮೂರು ಜಿಬಿ ಮೀರಿದ್ದರೆ ಕಳ್ಳ ಸಿಕ್ಕಿಬಿದ್ದಂತೆಯೇ.

ಸಿಸ್ಟಮ್ ಎಂಬ ಸಾಲನ್ನು ನೋಡಿ ಗಾಬರಿಯಾಗಬೇಡಿ. 32 ಜಿಬಿಯ ಟ್ಯಾಬ್‌ನಲ್ಲಿ ಆಂಡ್ರಾಯ್ಡ್ ಮತ್ತು ಕಂಪನಿಯ ಸ್ವಂತ ಆಪ್‌ಗಳೇ ಹತ್ತು ಜಿಬಿಯ ಆಸುಪಾಸು ಹಿಡಿದುಕೊಂಡಿರುವುದು ಸಾಮಾನ್ಯ. ಅದನ್ನು ನೀವಾಗಲಿ ಅಂಗಡಿಯವರಾಗಲಿ ಕಡಿಮೆ ಮಾಡುವಂತಿಲ್ಲ. ಪೆಟ್ಟಿಗೆಯ ಮೇಲೆ ಬರೆದ 32ರಲ್ಲಿ ನಿಮಗೆಂದು ಸಿಗುವುದು ಇಪ್ಪತ್ತೊಂದೋ ಇಪ್ಪತ್ತೆರಡೋ. ಹದಿನಾಲ್ಕು ಗೇಮ್‌ಗಳು, ಎರಡು ಯೂಸರ್‌ಗಳು ಮತ್ತು ನಾಲ್ಕು ವರ್ಷದ ವಾಟ್ಸಾಪ್ ವಿಡಿಯೋಗಳಿಗೆ ಅದು ಸಾಲದೆ ಬಂದರೆ ಟ್ಯಾಬ್‌ನ ತಪ್ಪಲ್ಲ.

ಜನರಲ್ಲಿ ಬೇರೂರಿರುವ ಮೂರು ನಂಬಿಕೆಗಳನ್ನು ಇಲ್ಲೇ ಬಿಡಿಸಿಬಿಡುತ್ತೇನೆ. ಬಳಸದ ಗೇಮ್ ಇದ್ದರೆ ಟ್ಯಾಬ್ ನಿಧಾನವಾಗುತ್ತದೆ ಎಂಬುದು ಅರ್ಧ ಸತ್ಯ. ತೆರೆಯದ ಗೇಮ್, ತೆರೆದ ಆಪ್‌ಗಳು ಓಡಲು ಬಳಸುವ ತಾತ್ಕಾಲಿಕ ಮೆಮೊರಿಯಾದ ರ‍್ಯಾಮ್ ತಿನ್ನುವುದಿಲ್ಲ. ಸ್ಟೋರೇಜ್ ಬೇರೆ, ರ‍್ಯಾಮ್ ಬೇರೆ. ಆದರೆ ಸ್ಟೋರೇಜ್ ಕಂಠಮಟ್ಟ ತುಂಬಿದಾಗ ಟ್ಯಾಬ್ ನಿಜಕ್ಕೂ ನಿಧಾನವಾಗುತ್ತದೆ, ಅದಕ್ಕೆ ಕಾರಣ ಒಳಗಿರುವ ಫ್ಲ್ಯಾಶ್ ಚಿಪ್‌ನ ಸ್ವಭಾವ. ನೀವು ಶಿಕ್ಷಕರಾಗಿದ್ದವರು, ಸ್ಲೇಟಿನ ಉದಾಹರಣೆಯನ್ನೇ ಕೊಡುತ್ತೇನೆ: ಒಂದು ಸಾಲನ್ನು ಮಾತ್ರ ಒರೆಸಲು ಬಾರದ, ಒರೆಸಿದರೆ ಇಡೀ ಸ್ಲೇಟನ್ನೇ ಒರೆಸಬೇಕಾದ ಸ್ಲೇಟು ಅದು. ಸಣ್ಣ ಸಣ್ಣ ಪುಟಗಳಲ್ಲಿ ಬರೆಯುತ್ತದೆ, ಆದರೆ ಅಳಿಸುವಾಗ ಅನೇಕ ಪುಟಗಳ ದೊಡ್ಡ ಬ್ಲಾಕನ್ನೇ ಒಟ್ಟಿಗೆ ಅಳಿಸಬೇಕಾಗುತ್ತದೆ. ಹೀಗಾಗಿ ಉಳಿಸಿಕೊಳ್ಳಬೇಕಾದ ಸಾಲುಗಳನ್ನು ಇನ್ನೊಂದು ಖಾಲಿ ಸ್ಲೇಟಿಗೆ ನಕಲು ಮಾಡಿಕೊಂಡು ಆಮೇಲೆ ಒರೆಸುವ ಕೆಲಸ ಒಳಗೆ ಸದಾ ನಡೆಯುತ್ತಿರುತ್ತದೆ. ಖಾಲಿ ಸ್ಲೇಟುಗಳೇ ಇಲ್ಲದಾಗ ಪ್ರತಿಯೊಂದು ಬರವಣಿಗೆಗೂ ಈ ಸರ್ಕಸ್ ಆಗಬೇಕು. ಕೀಬೋರ್ಡ್ ಅಕ್ಷರಗಳು ತಡವಾಗಿ ಮೂಡುವುದು, ಆಪ್ ತೆರೆಯುವಾಗ ಪರದೆ ಬಿಳಿಯಾಗಿ ನಿಲ್ಲುವುದು ಆಗಲೇ. ಆದ್ದರಿಂದ ನಿಮ್ಮಂಥ ಟ್ಯಾಬ್‌ನಲ್ಲಿ ಮೂರು ಜಿಬಿಯಾದರೂ ಸದಾ ಖಾಲಿ ಇರುವಂತೆ ನೋಡಿಕೊಳ್ಳಿ ಎನ್ನುತ್ತೇನೆ. ಈ ಅಂಕಿಯನ್ನು ಪುಸ್ತಕದಿಂದ ತೆಗೆದಿಲ್ಲ. ಅಷ್ಟಿದ್ದರೆ ಅಪ್‌ಡೇಟ್‌ಗಳು ಸಲೀಸಾಗಿ ಆಗುತ್ತವೆ ಎಂಬುದು ಕೆಲಸದಲ್ಲಿ ಕಂಡುಕೊಂಡದ್ದು.

ಎರಡನೆಯದು, ‘ಕ್ಲೀನರ್’ ಎಂಬ ಹೆಸರಿನ ಆಪ್‌ಗಳು ಜಾಗ ಮಾಡಿಕೊಡುತ್ತವೆ ಎಂಬುದು. ಒಂದು ಆಪ್‌ನ ಖಾಸಗಿ ಜಾಗಕ್ಕೆ ಇನ್ನೊಂದು ಆಪ್ ಕೈ ಹಾಕದಂತೆ ಆಂಡ್ರಾಯ್ಡ್ ತಡೆದಿದೆ. ಹಾಗಿರುವಾಗ ಈ ಕ್ಲೀನರ್‌ಗಳು ಗೇಮಿನ ಡೇಟಾವನ್ನು ಗುಡಿಸುವುದಾದರೂ ಹೇಗೆ? ಅವು ತೋರಿಸುವ ತಿರುಗುವ ಪೊರಕೆಯ ಚಿತ್ರದ ಹಿಂದೆ ನಡೆಯುವುದು ಹೆಚ್ಚಾಗಿ ಜಾಹೀರಾತಿನ ವ್ಯಾಪಾರ. ತುಂಬಿದ ಟ್ಯಾಬ್‌ಗೆ ಇನ್ನೊಂದು ಆಪ್ ತುರುಕಿ ಜಾಗ ಮಾಡುವ ಉಪಾಯದಲ್ಲಿ ನನಗೆ ಎಂದೂ ನಂಬಿಕೆ ಹುಟ್ಟಿಲ್ಲ. ಮೂರನೆಯದು, ಗೇಮ್ ತೆಗೆದರೆ ಅದಕ್ಕೆ ಕಟ್ಟುತ್ತಿದ್ದ ಹಣವೂ ನಿಲ್ಲುತ್ತದೆ ಎಂಬ ನಂಬಿಕೆ. ಇದು ಪೂರ್ತಿ ತಪ್ಪು, ಕೆಲವೊಮ್ಮೆ ದುಬಾರಿ ತಪ್ಪು, ಮುಂದೆ ಹೇಳುತ್ತೇನೆ.

ಈಗ ಮೊಮ್ಮಗನ ಲೆವೆಲ್ಲಿನ ವಿಚಾರ. ಅದು ಎಲ್ಲಿ ಉಳಿದಿದೆ ಎಂಬುದು ಗೇಮಿನಿಂದ ಗೇಮಿಗೆ ಬೇರೆ. ಕೆಲವು ಗೇಮ್‌ಗಳು ಪ್ರಗತಿಯನ್ನು ತಮ್ಮ ಸರ್ವರ್‌ನಲ್ಲಿ, ಆಡುವವರ ಖಾತೆಯ ಹೆಸರಿನಲ್ಲಿ ಇಡುತ್ತವೆ. ಕೆಲವು ಗೂಗಲ್‌ನ ಪ್ಲೇ ಗೇಮ್ಸ್ ಖಾತೆಯಲ್ಲಿ ಉಳಿಸುತ್ತವೆ. ಇನ್ನು ಕೆಲವು ಟ್ಯಾಬ್‌ನೊಳಗಿನ ಡೇಟಾದಲ್ಲಿ ಮಾತ್ರ ಇಟ್ಟುಕೊಂಡಿರುತ್ತವೆ. ಮೊದಲ ಎರಡು ಬಗೆಯವನ್ನು ತೆಗೆದು, ಮುಂದಿನ ರಜೆಯಲ್ಲಿ ಮತ್ತೆ ಹಾಕಿ, ಅದೇ ಖಾತೆಯಿಂದ ಒಳಗೆ ಹೋದರೆ ಅವನು ಬಿಟ್ಟ ಮೆಟ್ಟಿಲಲ್ಲೇ ನಿಲ್ಲುತ್ತಾನೆ. ಮೂರನೆಯ ಬಗೆಯಲ್ಲಿ ಅನ್‌ಇನ್‌ಸ್ಟಾಲ್ ಮಾಡಿದರೆ ಎರಡು ವರ್ಷದ ಆಟ ಹೋದಂತೆಯೇ. ಆಂಡ್ರಾಯ್ಡ್ ತಾನಾಗಿ ಪ್ರತಿ ಆಪ್‌ಗೆ 25 ಎಂಬಿಯವರೆಗೆ ಗೂಗಲ್ ಖಾತೆಗೆ ಬ್ಯಾಕಪ್ ತೆಗೆಯುತ್ತದೆ ಎಂಬುದು ನಿಜ, ಆದರೆ ಬ್ಯಾಕಪ್ ಬೇಡವೆಂದು ಗೇಮ್ ತಯಾರಕರೇ ಅದನ್ನು ನಿಲ್ಲಿಸಿಟ್ಟಿರಬಹುದು, ಟ್ಯಾಬ್‌ನಲ್ಲಿ ಆ ಸೌಲಭ್ಯ ಆಫ್ ಆಗಿರಬಹುದು. ಅದನ್ನೇ ನಂಬಿ ಮುಂದುವರಿಯಲು ನಾನು ಹೇಳುವುದಿಲ್ಲ.

ತಿಳಿಯುವ ಬಗೆ ಹೀಗೆ. ಮೊಮ್ಮಗನ ಯೂಸರ್‌ಗೆ ಹೋಗಿ ಗೇಮ್ ತೆರೆಯಿರಿ. ಅದರ ಪರದೆಯ ಮೂಲೆಯಲ್ಲಿ ಹಲ್ಲಿನ ಚಕ್ರದ ಗುರುತೋ ಆಟಗಾರನ ಚಿತ್ರವೋ ಇರುತ್ತದೆ, ಅದನ್ನು ಒತ್ತಿ. ‘ಗೆಸ್ಟ್’ ಎಂದು ಕಂಡರೆ ಎಚ್ಚರ: ಅವನು ಖಾತೆಯಿಲ್ಲದೆ ಅತಿಥಿಯಾಗಿ ಆಡುತ್ತಿದ್ದಾನೆ, ಗೇಮ್ ಹೋದರೆ ಅತಿಥಿಯ ಗುರುತೂ ಹೋಗುತ್ತದೆ. ಅಲ್ಲೇ ‘ಲಿಂಕ್’, ‘ಬೈಂಡ್’, ‘ಸೈನ್ ಇನ್’ ಇವುಗಳಲ್ಲೊಂದು ಪದ ಇರುತ್ತದೆ. ಅದರ ಮೂಲಕ ನಿಮ್ಮ ಮಗಳ ಗೂಗಲ್ ಖಾತೆಗೆ ಸೇರಿಸಿದರೆ ಅತಿಥಿ ಮನೆಯವನಾಗುತ್ತಾನೆ. ಈ ಕೆಲಸವನ್ನು ಮಗಳೊಂದಿಗೆ ಫೋನಿನಲ್ಲಿ ಮಾತನಾಡುತ್ತಲೇ ಮಾಡಿ, ಯಾವ ಖಾತೆ ಎಂಬುದು ಅವರಿಗೆ ಗೊತ್ತಿರಲಿ. ಆಮೇಲೆ ಆಟಗಾರನ ಹೆಸರು, ಅವನ ಐಡಿ ಸಂಖ್ಯೆ ಮತ್ತು ಲೆವೆಲ್ ಮೂರೂ ಕಾಣುವ ಪುಟವನ್ನು ನಿಮ್ಮ ಫೋನಿನಿಂದ ಒಂದು ಫೋಟೋ ತೆಗೆದಿಟ್ಟುಕೊಳ್ಳಿ. ಏನಾದರೂ ತಪ್ಪಿದರೆ ಗೇಮ್ ಕಂಪನಿಯ ಸಹಾಯ ವಿಭಾಗ ಮೊದಲು ಕೇಳುವುದು ಆ ಐಡಿ ಸಂಖ್ಯೆಯನ್ನೇ. ಮಗಳು ಕಟ್ಟಿದ ಹಣದ ರಸೀದಿ ಅವರ ಇಮೇಲ್‌ಗೆ ಬಂದಿರುತ್ತದೆ, ಅದೂ ಇರಲಿ.

ಹಣದ ಮಾತಿಗೆ ಬಂದರೆ, ಅದರಲ್ಲಿ ಮೂರು ಬಗೆಗಳಿವೆ, ಮೂರರ ಗತಿಯೂ ಬೇರೆ. ಗೇಮನ್ನೇ ಹಣ ಕೊಟ್ಟು ಕೊಂಡಿದ್ದರೆ ಆ ಖರೀದಿ ಗೂಗಲ್ ಖಾತೆಯಲ್ಲಿ ದಾಖಲಾಗಿರುತ್ತದೆ, ಅದೇ ಖಾತೆಯಿಂದ ಮತ್ತೆ ಇಳಿಸಿಕೊಳ್ಳುವಾಗ ಮತ್ತೆ ಹಣ ಕೇಳುವುದಿಲ್ಲ. ಗೇಮಿನೊಳಗೆ ವಜ್ರ, ನಾಣ್ಯ ಮುಂತಾದವನ್ನು ಕೊಂಡಿದ್ದರೆ ಅವು ಆಟಗಾರನ ಪ್ರಗತಿಯೊಂದಿಗೆ ಕಟ್ಟಿಕೊಂಡಿರುತ್ತವೆ. ಪ್ರಗತಿ ಉಳಿದರೆ ಅವೂ ಉಳಿಯುತ್ತವೆ, ಅತಿಥಿಯ ಖಾತೆಯೊಂದಿಗೆ ಅಳಿದರೆ ಅವೂ ಅಳಿಯುತ್ತವೆ. ನಿಮ್ಮ ಮಗಳು ಎರಡು ಸಲ ಕಟ್ಟಿದ್ದು ಬಹುಶಃ ಈ ಬಗೆಯದು. ಮೂರನೆಯದು ತಿಂಗಳಿಗಿಷ್ಟು ಎಂದು ತಾನಾಗಿ ಕಡಿತವಾಗುವ ಸಬ್‌ಸ್ಕ್ರಿಪ್ಷನ್. ಗೇಮನ್ನು ತೆಗೆದರೂ ಇದು ನಿಲ್ಲುವುದಿಲ್ಲ. ಪ್ಲೇ ಸ್ಟೋರ್ ತೆರೆದು, ಮೇಲಿನ ಮೂಲೆಯ ನಿಮ್ಮ ಚಿತ್ರ ಒತ್ತಿ, ‘ಪೇಮೆಂಟ್ಸ್ ಅಂಡ್ ಸಬ್‌ಸ್ಕ್ರಿಪ್ಷನ್ಸ್’ ಒಳಗೆ ಹೋಗಿ ಅಲ್ಲೇ ರದ್ದು ಮಾಡಬೇಕು. ಹೀಗೆ ಕಾರ್ಡ್‌ನಿಂದಲೋ ಯುಪಿಐನಿಂದಲೋ ತಾನಾಗಿ ಹಣ ಹೋಗುವ 24 ಗಂಟೆ ಮೊದಲು ಗ್ರಾಹಕರಿಗೆ ಸೂಚನೆ ಕಳುಹಿಸಬೇಕೆಂದು ರಿಸರ್ವ್ ಬ್ಯಾಂಕ್ ನಿಯಮ ಮಾಡಿದೆ. ಆ ಸಂದೇಶವನ್ನು ನಾವು ಬ್ಯಾಂಕಿನ ಇತರ ಹತ್ತು ಸಂದೇಶಗಳ ಜೊತೆ ಓದದೆ ಬಿಡುತ್ತೇವೆ ಎಂಬುದು ಬೇರೆ ಮಾತು.

ತೆಗೆಯುವ ಮುನ್ನ ಯೋಚಿಸಬೇಕಾದ ಇನ್ನೊಂದು ಅಪಾಯವಿದೆ: ಆ ಗೇಮ್ ಈಗಲೂ ಪ್ಲೇ ಸ್ಟೋರ್‌ನಲ್ಲಿದೆಯೇ? ನಮ್ಮ ದೇಶದಲ್ಲಿ ಇದು ಕಾಲ್ಪನಿಕ ಪ್ರಶ್ನೆಯಲ್ಲ. 2020ರ ಸೆಪ್ಟೆಂಬರ್‌ನಲ್ಲಿ ಪಬ್‌ಜಿ ಮೊಬೈಲ್, 2022ರ ಫೆಬ್ರವರಿಯಲ್ಲಿ ಫ್ರೀ ಫೈರ್ ನಿಷೇಧಕ್ಕೊಳಗಾದವು; 2022ರ ಜುಲೈನಲ್ಲಿ ಪ್ಲೇ ಸ್ಟೋರ್‌ನಿಂದ ಹೊರಹೋದ ಬಿಜಿಎಂಐ (ಪಬ್‌ಜಿಯ ಭಾರತೀಯ ಆವೃತ್ತಿ) 2023ರ ಮೇ ತಿಂಗಳಲ್ಲಿ ಹಿಂತಿರುಗಿತು. ಆ ಹತ್ತು ತಿಂಗಳಲ್ಲಿ ಜಾಗ ಸಾಲದೆಂದು ಅದನ್ನು ತೆಗೆದ ಹುಡುಗರು, ‘ಮತ್ತೆ ಹಾಕಿಕೊಡಿ ಅಂಕಲ್’ ಎಂದು ಬಂದಾಗ ನನ್ನಲ್ಲಿ ಉತ್ತರವಿರಲಿಲ್ಲ. ಆದ್ದರಿಂದ ಪ್ಲೇ ಸ್ಟೋರ್‌ನಲ್ಲಿ ಹೆಸರು ಹುಡುಕಿ ನೋಡಿ, ಸಿಕ್ಕಿದರೆ ಮಾತ್ರ ನಿಶ್ಚಿಂತೆಯಿಂದ ತೆಗೆಯಿರಿ. ಸಿಗದಿದ್ದರೆ ಅದು ಒಮ್ಮುಖ ಸಂಚಾರದ ರಸ್ತೆ ಎಂದು ಮೊಮ್ಮಗನಿಗೆ ಮೊದಲೇ ಹೇಳಿ. ಪ್ಲೇ ಸ್ಟೋರ್ ಬಿಟ್ಟು, ಯಾರೋ ಕಳುಹಿಸಿದ ಎಪಿಕೆ (ಆಪ್ ಹಾಕಿಕೊಳ್ಳುವ) ಕಡತದಿಂದ ಹಾಕಿಕೊಂಡ ಗೇಮ್‌ಗಳಿದ್ದರೆ ಅವು ಸುರಕ್ಷತೆಯ ದೃಷ್ಟಿಯಿಂದಲೂ ಇರಬಾರದು. ಅವನ್ನು ತೆಗೆದ ಮೇಲೆ ಡೌನ್‌ಲೋಡ್ಸ್ ಫೋಲ್ಡರ್‌ನಲ್ಲಿ ಆ ಎಪಿಕೆ ಕಡತ ಉಳಿದಿರುತ್ತದೆ, ಅದನ್ನೂ ಅಳಿಸಿ.

ಇನ್ನು ತೆಗೆಯುವ ದಾರಿಗಳು. ನಾನು ನಿಮ್ಮ ಜಾಗದಲ್ಲಿದ್ದರೆ ಮೊದಲು ಮೊಮ್ಮಗನ ಯೂಸರ್‌ಗೇ ಹೋಗುತ್ತಿದ್ದೆ. ಪರದೆಯ ಮೇಲಿನಿಂದ ಕೆಳಕ್ಕೆ ಎರಡು ಸಲ ಎಳೆದರೆ ವ್ಯಕ್ತಿಯ ಆಕಾರದ ಗುರುತು ಸಿಗುತ್ತದೆ, ಅದರಿಂದ ಯೂಸರ್ ಬದಲಿಸಬಹುದು. ಅಲ್ಲಿ ಪ್ಲೇ ಸ್ಟೋರ್‌ನ ಮೂಲೆಯ ಚಿತ್ರ ಒತ್ತಿ ‘ಮ್ಯಾನೇಜ್ ಆಪ್ಸ್ ಅಂಡ್ ಡಿವೈಸ್’, ಅದರೊಳಗೆ ‘ಮ್ಯಾನೇಜ್’ ತೆರೆದರೆ ಎಲ್ಲ ಆಪ್‌ಗಳ ಪಟ್ಟಿ ಬರುತ್ತದೆ. ಆ ಪಟ್ಟಿಯನ್ನು ಗಾತ್ರದ ಪ್ರಕಾರವೂ, ಕಡಿಮೆ ಬಳಸಿದ್ದರ ಪ್ರಕಾರವೂ ಜೋಡಿಸಿಕೊಳ್ಳಬಹುದು. ಮೊದಲು ಗಾತ್ರದ ಪ್ರಕಾರ ನೋಡಿ. ಹದಿನಾಲ್ಕರಲ್ಲಿ ಮೂರೋ ನಾಲ್ಕೋ ಗೇಮ್‌ಗಳು ಅರ್ಧಕ್ಕಿಂತ ಹೆಚ್ಚು ಜಾಗ ನುಂಗಿರುವುದು ನಿಮಗೆ ಕಾಣುತ್ತದೆ. ಹಣ್ಣು ಕತ್ತರಿಸುವ, ಬಣ್ಣದ ಗುಂಡು ಹೊಂದಿಸುವ ಸಣ್ಣ ಗೇಮ್‌ಗಳು ನೂರು ನೂರೈವತ್ತು ಎಂಬಿಯವು. ಅವನ್ನು ತೆಗೆದು ಮಗುವಿನ ಮನಸ್ಸು ನೋಯಿಸುವುದಕ್ಕೆ ತಕ್ಕ ಪ್ರತಿಫಲವಿಲ್ಲ. ದೊಡ್ಡವುಗಳ ಎದುರಿನ ಚೌಕಕ್ಕೆ ಗುರುತು ಹಾಕಿ, ಮೇಲಿನ ಕಸದ ಬುಟ್ಟಿಯ ಗುರುತನ್ನು ಒತ್ತಿದರೆ ಒಟ್ಟಿಗೇ ಹೋಗುತ್ತವೆ. ಆಮೇಲೆ ನಿಮ್ಮ ಯೂಸರ್‌ಗೆ ಮರಳಿ ಅದೇ ಗೇಮ್‌ಗಳು ಅಲ್ಲಿಯೂ ಇದ್ದರೆ ತೆಗೆಯಿರಿ. ಎರಡೂ ಕಡೆ ಹೋದ ಕ್ಷಣವೇ ಮೂಲ ಭಾಗದ ಜಾಗ ಮರಳುತ್ತದೆ. ಮುಖ್ಯ ಯೂಸರ್‌ನ ಕಡೆ, ಆಪ್‌ನ ವಿವರದ ಪುಟದ ಮೂರು ಚುಕ್ಕಿಯೊಳಗೆ ಎಲ್ಲ ಯೂಸರ್‌ಗಳಿಗೂ ಒಮ್ಮೆಲೇ ಅನ್‌ಇನ್‌ಸ್ಟಾಲ್ ಮಾಡುವ ಆಯ್ಕೆ ಕೂಡ ಸಿಗಬಹುದು. ಅದು ಮೊಮ್ಮಗನ ಡೇಟಾವನ್ನೂ ಕೇಳದೆ ಅಳಿಸುತ್ತದೆ, ಹಾಗಾಗಿ ಖಾತೆಗೆ ಲಿಂಕ್ ಮಾಡುವ ಕೆಲಸ ಮುಗಿಯದೆ ಅದನ್ನು ಮುಟ್ಟಬೇಡಿ.

ಗೇಮ್ ಇರಲಿ, ಜಾಗ ಮಾತ್ರ ಬರಲಿ ಎನ್ನುವವರಿಗೆ ಎರಡು ಮಧ್ಯದ ದಾರಿಗಳಿವೆ. ಕ್ಯಾಶ್ ಅಳಿಸುವುದು ಒಂದು. ಅದರಿಂದ ಯಾವ ಹಾನಿಯೂ ಇಲ್ಲ, ಆದರೆ ಆಡುತ್ತಿದ್ದಂತೆ ಮತ್ತೆ ತುಂಬಿಕೊಳ್ಳುವುದರಿಂದ ಲಾಭವೂ ನಾಲ್ಕು ದಿನದ್ದು. ಅದೇ ಪುಟದಲ್ಲಿ ಪಕ್ಕದಲ್ಲೇ ಇರುವ ‘ಕ್ಲಿಯರ್ ಸ್ಟೋರೇಜ್’ ಅಥವಾ ‘ಕ್ಲಿಯರ್ ಡೇಟಾ’ ಗುಂಡಿ ಹಾಗಲ್ಲ. ಅದು ಟ್ಯಾಬ್‌ನೊಳಗಿನ ಪ್ರಗತಿಯನ್ನು ಅಳಿಸಿ ಗೇಮನ್ನು ಮೊದಲ ದಿನದ ಸ್ಥಿತಿಗೆ ಒಯ್ಯುತ್ತದೆ. ದೀಕ್ಷಾ ಆಪ್‌ನಲ್ಲಿ ಅದನ್ನು ಒತ್ತಿದರೆ ಮೊಮ್ಮಗಳು ಇಳಿಸಿಟ್ಟುಕೊಂಡ ಪಾಠಗಳು ಹೋಗುತ್ತವೆ. ಇನ್ನೊಂದು ದಾರಿ ‘ಆರ್ಕೈವ್’. ಪ್ಲೇ ಸ್ಟೋರ್‌ನ ಸೆಟ್ಟಿಂಗ್ಸ್‌ನಲ್ಲಿ 2023ರಿಂದ ಇರುವ ಈ ಸೌಲಭ್ಯವನ್ನು ಆನ್ ಮಾಡಿಟ್ಟರೆ, ಹೊಸ ಆಪ್‌ಗೆ ಜಾಗ ಸಾಲದಾದಾಗ ಬಹಳ ದಿನದಿಂದ ತೆರೆಯದ ಆಪ್‌ನ ಮೂಲ ಭಾಗವನ್ನು ಅದು ತೆಗೆದು, ಐಕಾನನ್ನೂ ನಿಮ್ಮ ಡೇಟಾವನ್ನೂ ಉಳಿಸುತ್ತದೆ. ಐಕಾನ್ ಒತ್ತಿದರೆ ಮತ್ತೆ ಇಳಿಯುತ್ತದೆ. ಹೀಗೆ ಆಪ್‌ನ ಜಾಗದಲ್ಲಿ ಶೇಕಡಾ 60ರವರೆಗೆ ಉಳಿಯಬಹುದು ಎಂದು ಗೂಗಲ್ ಹೇಳಿತ್ತು. ಇಲ್ಲಿಯೇ ಮೇಲೆ ಹೇಳಿದ ಮೂರು ಸಂಖ್ಯೆಗಳು ನೆನಪಿರಲಿ: ಆ ಕಾರ್ ರೇಸ್ ಗೇಮನ್ನು ಆರ್ಕೈವ್ ಮಾಡಿದರೆ ಹೋಗುವುದು 190 ಎಂಬಿ ಮತ್ತು ಕ್ಯಾಶ್, 2.4 ಜಿಬಿ ಡೇಟಾ ಅಲ್ಲೇ ಕುಳಿತಿರುತ್ತದೆ. ಆಪ್ ದೊಡ್ಡದಿದ್ದು ಡೇಟಾ ಚಿಕ್ಕದಿರುವ ಗೇಮ್‌ಗೆ ಮಾತ್ರ ಇದು ಹೇಳಿಮಾಡಿಸಿದ ಉಪಾಯ. ಎಲ್ಲ ಆಪ್‌ಗಳೂ ಇದಕ್ಕೆ ಒಗ್ಗುವುದಿಲ್ಲ ಎಂಬುದೂ ತಿಳಿದಿರಲಿ.

ಟ್ಯಾಬ್‌ನೊಂದಿಗೇ ಬಂದ ಗೇಮ್‌ಗಳಿದ್ದರೆ ಅವುಗಳಲ್ಲಿ ಕೆಲವಕ್ಕೆ ‘ಅನ್‌ಇನ್‌ಸ್ಟಾಲ್’ ಇರದೆ ‘ಡಿಸೇಬಲ್’ ಮಾತ್ರ ಇರುತ್ತದೆ. ಆಗ ಮರಳುವುದು ಆಮೇಲೆ ಬಂದ ಅಪ್‌ಡೇಟ್‌ಗಳ ಜಾಗವಷ್ಟೇ.

ಮೆಮೊರಿ ಕಾರ್ಡ್ ಹಾಕಿ ಗೇಮ್‌ಗಳನ್ನು ಅಲ್ಲಿಗೆ ಸಾಗಿಸಬಹುದಲ್ಲ ಎಂದು ನಿಮಗೆ ಯಾರಾದರೂ ಹೇಳಿಯೇ ಹೇಳುತ್ತಾರೆ. ಎಲ್ಲ ಟ್ಯಾಬ್‌ಗಳೂ ಅದಕ್ಕೆ ಅವಕಾಶ ಕೊಡುವುದಿಲ್ಲ. ಕೊಡುವ ಕಡೆಯೂ ಕಾರ್ಡನ್ನು ಒಳಗಿನ ಸ್ಟೋರೇಜ್‌ನ ಭಾಗವಾಗಿ ಮಾಡಿಕೊಂಡರೆ ಅದರಲ್ಲಿದ್ದುದೆಲ್ಲ ಅಳಿದು, ಕಾರ್ಡ್ ಆ ಟ್ಯಾಬ್‌ಗೆ ಮಾತ್ರ ಅರ್ಥವಾಗುವಂತೆ ಗೂಢಲಿಪಿಯಾಗುತ್ತದೆ. ಕಾರ್ಡ್ ಕೆಟ್ಟ ದಿನ ಗೇಮೂ ಹೋಗುತ್ತದೆ, ಜೊತೆಗಿಟ್ಟ ಫೋಟೋವೂ ಹೋಗುತ್ತದೆ. ನನ್ನ ಸಲಹೆ ಇದಕ್ಕೆ ತಿರುಗುಮುರುಗು: ಗೇಮ್‌ಗಳು ಒಳಗೇ ಇರಲಿ, ಪಠ್ಯಪುಸ್ತಕದ ಪಿಡಿಎಫ್, ಹಳೆಯ ವಿಡಿಯೋ, ಮದುವೆ-ಉಪನಯನದ ಫೋಟೋಗಳ ಒಂದು ಪ್ರತಿ ಕಾರ್ಡ್‌ಗೆ ಹೋಗಲಿ. ಕಾರ್ಡನ್ನು ಬಿಲ್ ಕೊಡುವ ಅಂಗಡಿಯಲ್ಲಿ ಕೊಳ್ಳಿ. ಜಾತ್ರೆಯಲ್ಲಿ ಮುನ್ನೂರು ರೂಪಾಯಿಗೆ ಸಿಗುವ ‘1 ಟಿಬಿ’ ಕಾರ್ಡ್ ಒಳಗೆ ನಿಜಕ್ಕೂ ಎಂಟೋ ಹದಿನಾರೋ ಜಿಬಿ ಇದ್ದು, ತುಂಬಿದ ಮೇಲೆ ಬರೆದದ್ದೆಲ್ಲ ಗಾಳಿಗೆ ಹೋದದ್ದನ್ನು ಕಂಡಿದ್ದೇನೆ.

ಫಾರ್ಮ್ಯಾಟ್ ಬೇಡ ಎಂದು ಆರಂಭದಲ್ಲೇ ಹೇಳಿದ್ದೆ, ಕಾರಣ ಇದು. ಅದರಿಂದ ಜಾಗ ಬರುತ್ತದೆ, ಸಂಶಯವಿಲ್ಲ. ಆದರೆ ಟ್ಯಾಬ್‌ನೊಳಗಿನ ಫೋಟೋ, ಪಿಡಿಎಫ್, ಎರಡೂ ಯೂಸರ್‌ಗಳ ಡೇಟಾ ಎಲ್ಲವೂ ಹೋಗುತ್ತವೆ, ಅತಿಥಿಯಾಗಿ ಆಡಿದ ಲೆವೆಲ್ಲೂ ಅದರಲ್ಲಿ ಸೇರಿದೆ. ಟ್ಯಾಬ್ ಮತ್ತೆ ತೆರೆಯುವಾಗ ಹಿಂದೆ ಇದ್ದ ಗೂಗಲ್ ಖಾತೆಯ ಪಾಸ್‌ವರ್ಡ್ ಕೇಳಬಹುದು, ಅದು ನೆನಪಿಲ್ಲದವರು ಅಲ್ಲೇ ಸಿಕ್ಕಿಹಾಕಿಕೊಳ್ಳುತ್ತಾರೆ. ಪಾಸ್‌ವರ್ಡ್ ಕೊಟ್ಟು ಒಳಗೆ ಹೋದರೆ, ‘ಹಳೆಯ ಆಪ್‌ಗಳನ್ನು ಮರಳಿ ಹಾಕಲೇ?’ ಎಂಬ ಪ್ರಶ್ನೆಗೆ ಅವಸರದಲ್ಲಿ ಹೌದೆಂದವರ ಟ್ಯಾಬ್‌ಗೆ ಬಳಸದ ಅದೇ ಗೇಮ್‌ಗಳು ಸಾಲಾಗಿ ಇಳಿಯತೊಡಗುತ್ತವೆ. ವಾರದೊಳಗೆ ಅದೇ ಸಂದೇಶ, ಅದೇ ಅಂಗಡಿ. ಟ್ಯಾಬನ್ನು ಬೇರೆಯವರಿಗೆ ಕೊಡುವಾಗ, ಅಥವಾ ಅದು ತಾನಾಗಿ ಆಫ್ ಆಗಿ ಆನ್ ಆಗುವಂಥ ತೊಂದರೆಗಳಿದ್ದಾಗ ಮಾತ್ರ ನಾನು ಅದಕ್ಕೆ ಕೈ ಹಾಕುತ್ತೇನೆ.

ದೊಡ್ಡ ಗೇಮ್‌ಗಳು ಹೋದ ಮೇಲೆ ಟ್ಯಾಬನ್ನು ಒಮ್ಮೆ ಆಫ್ ಮಾಡಿ ಆನ್ ಮಾಡಿ, ಸ್ಟೋರೇಜ್ ಪುಟವನ್ನು ಮತ್ತೆ ನೋಡಿ. ಆಗಲೂ ಸಾಲದೆನಿಸಿದರೆ ವಾಟ್ಸಾಪ್‌ನ ಸೆಟ್ಟಿಂಗ್ಸ್‌ನಲ್ಲಿ ‘ಮ್ಯಾನೇಜ್ ಸ್ಟೋರೇಜ್’ ತೆರೆಯಿರಿ. ಐದು ಎಂಬಿಗಿಂತ ದೊಡ್ಡವು, ಹಲವು ಸಲ ಫಾರ್ವರ್ಡ್ ಆದವು ಎಂದು ಅದೇ ವಿಂಗಡಿಸಿ ಕೊಡುತ್ತದೆ. ಹೂವು-ದೀಪದ ಶುಭೋದಯಗಳು ಎಷ್ಟು ಜಿಬಿ ತೂಗುತ್ತವೆ ಎಂದು ನೋಡಿ ನಿಮಗೇ ಆಶ್ಚರ್ಯವಾಗಬಹುದು. ಗೂಗಲ್ ಫೋಟೋಸ್‌ನಿಂದ ಅಳಿಸಿದ ಫೋಟೋ-ವಿಡಿಯೋಗಳು ಅದರ ಬಿನ್ ಎಂಬ ಕಸದ ಬುಟ್ಟಿಯಲ್ಲಿ 30ರಿಂದ 60 ದಿನ ಉಳಿದಿರುತ್ತವೆ, ಆ ಬಿನ್ ಖಾಲಿ ಮಾಡುವವರೆಗೆ ಜಾಗ ಮರಳದಿರಬಹುದು.

ಕೊನೆಯದಾಗಿ ಮೊಮ್ಮಗನ ಯೂಸರ್. ಅವನು ವರ್ಷಕ್ಕೆ ಎರಡು ಸಲ ಮಾತ್ರ ಬರುವವನಾದರೆ, ಲಿಂಕ್ ಮಾಡುವ ಕೆಲಸವೆಲ್ಲ ಮುಗಿದ ಮೇಲೆ ಆ ಯೂಸರನ್ನೇ ಅಳಿಸುವುದು ಇನ್ನೂ ಸುಲಭದ ದಾರಿ. ಅದರೊಳಗಿನ ಗೇಮ್, ಡೇಟಾ, ಅವನು ತೆಗೆದ ಚಿತ್ರಗಳು ಎಲ್ಲವೂ ಒಂದೇ ಸಲಕ್ಕೆ ಹೋಗುತ್ತವೆ, ಆದ್ದರಿಂದ ಚಿತ್ರಗಳನ್ನು ಮೊದಲು ಮಗಳಿಗೆ ಕಳುಹಿಸಿಬಿಡಿ. ಮುಂದಿನ ರಜೆಗೆ ಹೊಸ ಯೂಸರ್ ಮಾಡಲು ಹತ್ತು ನಿಮಿಷ ಸಾಕು. ಇಷ್ಟಾಗಿಯೂ ‘ಅದರ್ ಯೂಸರ್ಸ್’ ಸಾಲಿನ ಸಂಖ್ಯೆ ಇಳಿಯದಿದ್ದರೆ, ಆ ಪುಟದ ಒಂದು ಫೋಟೋವನ್ನೂ, ಟ್ಯಾಬ್‌ನ ಆಂಡ್ರಾಯ್ಡ್ ಆವೃತ್ತಿ ಯಾವುದೆಂಬುದನ್ನೂ ನನಗೆ ಬರೆದು ಕಳುಹಿಸಿ. ಅಲ್ಲಿಯವರೆಗೆ ಅಂಗಡಿಗೆ ಹೋಗುವುದು ಬೇಡ.